ಕಾಲರ್ ಮೇಲಿನ ಕಿತ್ತಳೆ ಕಲೆ ಮತ್ತು ಟ್ಯೂಬಿನ ಹಿಂದಿನ ಉದ್ದ ಹೆಸರು

ಪ್ರಶ್ನೆ (ತೀರ್ಥಹಳ್ಳಿ ಹತ್ತಿರದಿಂದ, ಒಬ್ಬ ತಾಯಿ)

ಮೇಡಂ, ನಮಸ್ತೆ. ಮಗಳು ಪಿಯುಸಿ ಓದುತ್ತಿದ್ದಾಳೆ. ಬಿಳಿ ಕುರ್ತಾ ಯೂನಿಫಾರ್ಮ್. ಎರಡು ತಿಂಗಳಿಂದ ಅದರ ಕಾಲರ್ ಮತ್ತು ತೋಳಿನ ಅಂಚಲ್ಲಿ ಕಿತ್ತಳೆ ಬಣ್ಣದ ಕಲೆ ಬರುತ್ತಿದೆ. ಮೊದಲು ಅಡಿಕೆ ಚೊಗರು ತಾಗಿರಬೇಕು ಅಂದುಕೊಂಡೆ. ಆದರೆ ಆ ಬಟ್ಟೆಯಲ್ಲಿ ಅವಳು ಅಂಗಳಕ್ಕೇ ಇಳಿಯುವುದಿಲ್ಲ. ಬ್ಲೀಚ್ ಹಾಕಿ ತಿಕ್ಕಿದೆ, ಕಲೆ ಇನ್ನೂ ಜಾಸ್ತಿಯಾಯಿತು. ಬಟ್ಟೆ ಒಗೆಯುವುದೇ ಇಲ್ವಾ ಅಂತ ಜೊತೆಯವರು ಕೇಳಿದರಂತೆ, ಅಳುತ್ತಾ ಬಂದಳು.

ಅವಳು ಸನ್‌ಸ್ಕ್ರೀನ್ ಹಚ್ಚಲು ಶುರು ಮಾಡಿದ್ದೂ ಎರಡು ತಿಂಗಳ ಹಿಂದೆಯೇ. ಟ್ಯೂಬಿನ ಹಿಂದೆ ‘ಬ್ಯೂಟೈಲ್ ಮೆಥಾಕ್ಸಿಡೈಬೆಂಜಾಯಿಲ್‌ಮೀಥೇನ್’ ಅಂತ ಇದೆ. ಬೆಂಗಳೂರಲ್ಲಿರುವ ನಾದಿನಿ ಅಮೆರಿಕದಿಂದ ತರಿಸಿದ್ದು ಹಚ್ಚುತ್ತಾಳೆ. ಅದರಲ್ಲಿ ‘ಅವೊಬೆಂಜೋನ್ 3%’ ಅಂತ ಬರೆದಿದೆ. ಅವಳ ಬಟ್ಟೆಗೆ ಕಲೆ ಆಗಿಲ್ಲ. ಹಾಗಾದರೆ ನಮ್ಮದರಲ್ಲಿ ಇರುವುದು ಕೆಟ್ಟ ಕೆಮಿಕಲ್ಲಾ?

ಉತ್ತರ (ಫಾರ್ಮಸಿಸ್ಟ್, ಶಿವಮೊಗ್ಗ)

ನಮಸ್ತೆ ಅಕ್ಕ. ಮೊದಲು ಮಗಳಿಗೆ ಹೇಳಿ, ಅವಳದೂ ತಪ್ಪಿಲ್ಲ, ನೀವು ಒಗೆದದ್ದೂ ತಪ್ಪಲ್ಲ. ನೀವು ಬರೆದ ಎರಡೂ ಹೆಸರು ಒಂದೇ ವಸ್ತುವಿನದು. ವ್ಯತ್ಯಾಸ ಇರುವುದು ಟ್ಯೂಬಿನಲ್ಲಿ ಅಲ್ಲ, ನೀರಿನಲ್ಲಿ. ನಿಮ್ಮದು ಬೋರ್‌ವೆಲ್ ನೀರು ಅಲ್ವಾ? ಬಕೆಟ್ ಒಳಗೆ ಕಂದು ಬಣ್ಣದ ಗೆರೆ ಕಟ್ಟುತ್ತದಾ?

ಹೆಸರಿನ ವಿಷಯ ಮೊದಲು ಮುಗಿಸುತ್ತೇನೆ. ನಮ್ಮಲ್ಲಿ ಮಗುವಿಗೆ ಜಾತಕದಲ್ಲಿ ಒಂದು ಹೆಸರು, ಶಾಲೆಯಲ್ಲಿ ಒಂದು, ಮನೆಯಲ್ಲಿ ಕರೆಯಲು ಇನ್ನೊಂದು ಇರುತ್ತದಲ್ಲ, ಇದೂ ಹಾಗೆಯೇ. ಅಮೆರಿಕದಲ್ಲಿ ಸನ್‌ಸ್ಕ್ರೀನ್ ಔಷಧಿಯ ಲೆಕ್ಕಕ್ಕೆ ಬರುತ್ತದೆ. ಅಲ್ಲಿ ಔಷಧಿಗೆ ಒಂದು ಚಿಕ್ಕ ಅಧಿಕೃತ ಹೆಸರು ಇಡುತ್ತಾರೆ, ಅದೇ ಅವೊಬೆಂಜೋನ್. ಎಷ್ಟು ಪರ್ಸೆಂಟ್ ಹಾಕಿದ್ದಾರೆ ಅಂತಲೂ ಬರೆಯಲೇಬೇಕು. ನಮ್ಮಲ್ಲಿ ಮತ್ತು ಯುರೋಪಿನಲ್ಲಿ ಸನ್‌ಸ್ಕ್ರೀನ್ ಕಾಸ್ಮೆಟಿಕ್. ಕಾಸ್ಮೆಟಿಕ್ ವಸ್ತುಗಳಿಗೆ ಐಎನ್‌ಸಿಐ ಎಂಬ ಬೇರೆ ಹೆಸರಿನ ಪಟ್ಟಿ ಇದೆ. ಆ ಪಟ್ಟಿಯ ಹೆಸರು ನಿಮ್ಮ ಟ್ಯೂಬಿನಲ್ಲಿರುವ ಉದ್ದದ್ದು. ಮೂರನೆಯದು ವ್ಯಾಪಾರದ ಹೆಸರು, ಪಾರ್ಸಾಲ್ 1789. ಕೆಲವು ಕಂಪನಿಗಳು ಇದನ್ನೂ ಹಾಕುತ್ತವೆ. ಮೂರೂ ಒಂದೇ. ಇದಕ್ಕೆ ಪೇಟೆಂಟ್ ಸಿಕ್ಕಿದ್ದು 1973ರಲ್ಲಿ, ಯುರೋಪ್ ಒಪ್ಪಿದ್ದು 1978ರಲ್ಲಿ, ಅಮೆರಿಕ ಒಪ್ಪಿದ್ದು 1988ರಲ್ಲಿ. ಅಮೆರಿಕದಲ್ಲಿ 3% ವರೆಗೆ, ಯುರೋಪಿನಲ್ಲಿ 5% ವರೆಗೆ ಹಾಕಬಹುದು.

ಆ ಉದ್ದ ಹೆಸರಿಗೆ ಹೆದರಬೇಡಿ. ಕಲೆ ಯಾಕೆ ಆಯಿತು ಅನ್ನುವುದೂ ಅದರಲ್ಲೇ ಇದೆ. ನಡುವೆ ಒಂದು ಕಾರ್ಬನ್, ಅದು ‘ಮೀಥೇನ್’. ಅದರ ಎಡಕ್ಕೊಂದು ಬಲಕ್ಕೊಂದು ಬೆಂಜಾಯಿಲ್, ಅದಕ್ಕೇ ‘ಡೈಬೆಂಜಾಯಿಲ್’. ಪ್ರತಿ ಬೆಂಜಾಯಿಲ್‌ನಲ್ಲೂ ಒಂದು ಆಕ್ಸಿಜನ್ ಇದೆ. ಈ ಎರಡು ಆಕ್ಸಿಜನ್ ಹತ್ತಿರ ಹತ್ತಿರ ಕೂತಿರುತ್ತವೆ. ಕಬ್ಬಿಣದ ಅಂಶ ಸಿಕ್ಕರೆ ಗದ್ದೆ ಏಡಿ ತನ್ನ ಇಕ್ಕಳದಲ್ಲಿ ಹಿಡಿದ ಹಾಗೆ ಗಟ್ಟಿಯಾಗಿ ಹಿಡಿದುಕೊಳ್ಳುತ್ತವೆ. ಹಾಗೆ ಹಿಡಿದಾಗ ಕಿತ್ತಳೆ ಬಣ್ಣ ಬರುತ್ತದೆ. ಹಸಿ ಅಡಿಕೆ ಸುಲಿದ ಮೆಟ್ಟುಗತ್ತಿ ಕಪ್ಪಾಗುವುದನ್ನು ನೋಡಿದ್ದೀರಲ್ಲ? ಅಲ್ಲಿ ಅಡಿಕೆಯ ಚೊಗರು ಕತ್ತಿಯ ಕಬ್ಬಿಣದ ಜೊತೆ ಸೇರಿ ಕಪ್ಪಾಗುತ್ತದೆ. ಇಲ್ಲಿ ಅವೊಬೆಂಜೋನ್ ನೀರಿನ ಕಬ್ಬಿಣದ ಜೊತೆ ಸೇರಿ ಕಿತ್ತಳೆಯಾಗುತ್ತದೆ. ನೀವು ಮೊದಲು ಚೊಗರು ಅಂದುಕೊಂಡದ್ದು ಪೂರ್ತಿ ದೂರದ ಮಾತಲ್ಲ.

ಅದಕ್ಕೇ ಕ್ರೀಮ್ ತಾಗಿದ ತಕ್ಷಣ ಏನೂ ಕಾಣುವುದಿಲ್ಲ. ಒಗೆದ ಮೇಲೆ ಕಲೆ ಏಳುತ್ತದೆ. ನಾದಿನಿ ಮನೆಯ ನೀರಲ್ಲಿ ಕಬ್ಬಿಣ ಕಡಿಮೆ ಇರಬೇಕು, ಹಾಗಾಗಿ ಅವರಿಗೆ ಗೊತ್ತೇ ಆಗಿಲ್ಲ. ಪರೀಕ್ಷೆ ಮಾಡಬೇಕಾ? ಬೋರ್‌ವೆಲ್ ನೀರನ್ನು ಬಿಳಿ ಬಕೆಟ್‌ನಲ್ಲಿ ಒಂದು ರಾತ್ರಿ ಇಡಿ. ಹಿಡಿದಾಗ ತಿಳಿಯಾಗಿದ್ದು ಬೆಳಿಗ್ಗೆ ಕೆಂಪಗೆ, ತಳದಲ್ಲಿ ಕಂದು ಗಸಿ ಕಂಡರೆ ಅದು ಕಬ್ಬಿಣ.

ಬ್ಲೀಚ್ ಇನ್ನು ಹಾಕಲೇಬೇಡಿ. ಅದು ಕಬ್ಬಿಣವನ್ನು ಇನ್ನಷ್ಟು ತುಕ್ಕು ಹಿಡಿಸುತ್ತದೆ, ಕಲೆ ಕೂತುಬಿಡುತ್ತದೆ. ಈ ಕಲೆ ಬಿಡುವುದು ಹುಳಿಗೆ. ಅಂಗಡಿಯಲ್ಲಿ ನಿಂಬೆ ಉಪ್ಪು, ಅಂದರೆ ಸಿಟ್ರಿಕ್ ಆಸಿಡ್ ಸಿಗುತ್ತದೆ. ಒಂದು ಚಮಚವನ್ನು ಒಂದು ಲೋಟ ಬಿಸಿ ನೀರಲ್ಲಿ ಕರಗಿಸಿ. ಆ ನೀರು ಮಳೆನೀರೋ ಅಬ್ಬಿ ನೀರೋ ಆಗಿರಲಿ, ಬೋರ್‌ವೆಲ್‌ದು ಬೇಡ. ಕಲೆ ಇರುವ ಜಾಗವನ್ನು ಅರ್ಧ ಗಂಟೆ ನೆನೆಸಿ, ಮೆಲ್ಲಗೆ ಉಜ್ಜಿ, ಅದೇ ಒಳ್ಳೆಯ ನೀರಲ್ಲಿ ಜಾಲಿಸಿ. ಹೋಗದಿದ್ದರೆ ಇನ್ನೊಮ್ಮೆ ಮಾಡಿ. ಬ್ಲೀಚ್ ಬಿದ್ದ ಬಟ್ಟೆಯನ್ನು ಮೊದಲು ಚೆನ್ನಾಗಿ ಜಾಲಿಸಿಕೊಳ್ಳಿ. ಬ್ಲೀಚ್ ಮತ್ತು ಹುಳಿ ಸೇರಿದರೆ ಕ್ಲೋರಿನ್ ಗ್ಯಾಸ್ ಏಳುತ್ತದೆ, ಎದೆಗೆ ಒಳ್ಳೆಯದಲ್ಲ. ಈ ಮಾತನ್ನು ದಯವಿಟ್ಟು ಮರೆಯಬೇಡಿ.

ಪ್ರಶ್ನೆ (ಸಾಗರದಿಂದ)

ಮೇಡಂ, ಈ ಬೆಂಜೋನ್ ಹವಾಯಿಯಲ್ಲಿ ಬ್ಯಾನ್ ಆಗಿದೆ ಅಂತ ಓದಿದ್ದೆ. ಸಮುದ್ರದ ಹವಳ ಸಾಯುತ್ತದಂತೆ. ನಮ್ಮ ಶರಾವತಿಗೆ ಬೇಡ ಅನಿಸುತ್ತದೆ.

ಉತ್ತರ

ಹೊಳೆಯ ಬಗ್ಗೆ ಯೋಚನೆ ಮಾಡಿದ್ದಕ್ಕೆ ಖುಷಿಯಾಯಿತು. ಆದರೆ ಅದು ಬೇರೆ ಬೆಂಜೋನ್. ಹವಾಯಿಯಲ್ಲಿ 2018ರಲ್ಲಿ ಕಾನೂನು ಆಯಿತು, 2021ರ ಜನವರಿಯಿಂದ ಜಾರಿಗೆ ಬಂತು. ಅಲ್ಲಿ ಮಾರಾಟ ನಿಲ್ಲಿಸಿದ್ದು ಆಕ್ಸಿಬೆಂಜೋನ್ ಮತ್ತು ಆಕ್ಟಿನಾಕ್ಸೇಟ್ ಎಂಬ ಎರಡನ್ನು. ಅವೊಬೆಂಜೋನ್ ಆ ಕಾನೂನಿನಲ್ಲಿ ಇಲ್ಲ. ನಮ್ಮ ಟ್ಯೂಬುಗಳಲ್ಲಿ ಆಕ್ಸಿಬೆಂಜೋನ್ ‘ಬೆಂಜೋಫಿನೋನ್-3’ ಅನ್ನುವ ಹೆಸರಲ್ಲೂ, ಆಕ್ಟಿನಾಕ್ಸೇಟ್ ‘ಎಥೈಲ್‌ಹೆಕ್ಸಿಲ್ ಮೆಥಾಕ್ಸಿಸಿನ್ನಮೇಟ್’ ಅನ್ನುವ ಹೆಸರಲ್ಲೂ ಇರುತ್ತದೆ. ಹೆಸರಿನ ಬಾಲ ನೋಡಿ ತೀರ್ಮಾನ ಮಾಡಬೇಡಿ.

ಇದೇ ಎಥೈಲ್‌ಹೆಕ್ಸಿಲ್ ಮೆಥಾಕ್ಸಿಸಿನ್ನಮೇಟ್ ಬಗ್ಗೆ ಇನ್ನೊಂದು ಮಾತು. ಅವೊಬೆಂಜೋನ್‌ಗೆ ಒಂದು ದೌರ್ಬಲ್ಯ ಇದೆ. ಅದು ಬಿಸಿಲು ತಡೆಯಲು ಇರುವುದು, ಆದರೆ ಬಿಸಿಲಿಗೇ ಒಡೆಯುತ್ತದೆ. ಆಕ್ಟೋಕ್ರೈಲೀನ್ ಅಥವಾ ಬೆಮೊಟ್ರಿಜಿನಾಲ್ ಎಂಬ ಇನ್ನೊಂದು ಸನ್‌ಸ್ಕ್ರೀನ್ ವಸ್ತು ಜೊತೆಗಿದ್ದರೆ ಗಟ್ಟಿಯಾಗಿ ನಿಲ್ಲುತ್ತದೆ. ಮೆಥಾಕ್ಸಿಸಿನ್ನಮೇಟ್ ಜೊತೆ ಇದ್ದು ಇವೆರಡೂ ಇಲ್ಲದಿದ್ದರೆ ಇನ್ನೂ ಬೇಗ ಹಾಳಾಗುತ್ತದೆ. ನಾನಾದರೆ ಟ್ಯೂಬ್ ಕೊಳ್ಳುವಾಗ ಎಸ್‌ಪಿಎಫ್ ಸಂಖ್ಯೆಗಿಂತ ಮೊದಲು ಅವೊಬೆಂಜೋನ್ ಜೊತೆ ಆಕ್ಟೋಕ್ರೈಲೀನ್ ಅಥವಾ ಬೆಮೊಟ್ರಿಜಿನಾಲ್ ಇದೆಯಾ ಅಂತ ನೋಡುತ್ತೇನೆ.

ಪ್ರಶ್ನೆ (ಹೊಸನಗರದಿಂದ)

ಅಕ್ಕ, ನಾನು ಮರ ಹತ್ತಿ ಅಡಿಕೆ ಕೊನೆ ತೆಗೆಯುವ ಕೆಲಸ ಮಾಡುತ್ತೇನೆ. ಕೆನ್ನೆ ಮೇಲೆ ಬಂಗು ಬಂದಿದೆ. ಎಸ್‌ಪಿಎಫ್ 50 ಹಚ್ಚಿದರೂ ಕಡಿಮೆ ಆಗಿಲ್ಲ. ಮಳೆಗಾಲದಲ್ಲಿ ಹಚ್ಚುವುದು ಸುಮ್ನೆ ದಂಡ ಅಂತ ಬಿಟ್ಟಿದ್ದೆ.

ಉತ್ತರ

ತಮ್ಮ, ಎಸ್‌ಪಿಎಫ್ ಮುಖ್ಯವಾಗಿ ಹೇಳುವುದು ಯುವಿ-ಬಿ ಕಿರಣದ ಲೆಕ್ಕ, ಅಂದರೆ ಚರ್ಮ ಸುಟ್ಟು ಕೆಂಪಾಗುವುದರ ಲೆಕ್ಕ. ಬಂಗು ಜಾಸ್ತಿ ಮಾಡುವುದರಲ್ಲಿ ಯುವಿ-ಎ ಪಾಲೂ ದೊಡ್ಡದು. ಅದು ಮೋಡ ದಾಟಿ ಬರುತ್ತದೆ, ಬಸ್ಸಿನ ಗಾಜು ದಾಟಿಯೂ ಬರುತ್ತದೆ. ಅವೊಬೆಂಜೋನ್ ಹಾಕುವುದೇ ಈ ಯುವಿ-ಎ ಹೀರಲು. ಟ್ಯೂಬಿನ ಮೇಲೆ ‘ಪಿಎ’ ಅಂತ ಇರುತ್ತದೆ, ಅದು ಯುವಿ-ಎ ಎಷ್ಟು ತಡೆಯುತ್ತದೆ ಅನ್ನುವ ಲೆಕ್ಕ. ಅದರ ಪಕ್ಕದಲ್ಲಿ ಎಷ್ಟು ಪ್ಲಸ್ ಇದೆ ನೋಡು. ನಾಲ್ಕು ಇದ್ದರೆ ಒಳ್ಳೆಯದು.

ಪ್ರಮಾಣವೂ ಮುಖ್ಯ. ತೋರುಬೆರಳು, ನಡುಬೆರಳು ಎರಡರ ಉದ್ದಕ್ಕೂ ಹಿಂಡಿದಷ್ಟು ಮುಖ ಮತ್ತು ಕುತ್ತಿಗೆಗೆ ಬೇಕು. ಕಡಲೆಕಾಳಿನಷ್ಟು ಹಚ್ಚಿದರೆ ಡಬ್ಬಿ ಮೇಲಿನ 50 ಸಿಗುವುದಿಲ್ಲ. ಮರ ಹತ್ತುವವರು ಬೆವರುತ್ತೀರಿ, ಎರಡು ಗಂಟೆಗೊಮ್ಮೆ ಮತ್ತೆ ಹಚ್ಚಬೇಕು. ಬಂಗಿಗೆ ಕಣ್ಣಿಗೆ ಕಾಣುವ ಬೆಳಕೂ ಕಾರಣ. ಅದನ್ನು ಅವೊಬೆಂಜೋನ್ ತಡೆಯುವುದಿಲ್ಲ. ಐರನ್ ಆಕ್ಸೈಡ್ ಇರುವ, ಚರ್ಮದ ಬಣ್ಣದ ಟಿಂಟೆಡ್ ಸನ್‌ಸ್ಕ್ರೀನ್ ಕೇಳು. ಅಗಲ ಅಂಚಿನ ಟೋಪಿ ಬಿಡಬೇಡ. ಒಮ್ಮೆ ಚರ್ಮದ ಡಾಕ್ಟರಿಗೂ ತೋರಿಸು.

ನಿನ್ನ ಕೆಲಸದವರಿಗೆ ಇನ್ನೊಂದು ಮಾತು ಹೇಳಲೇಬೇಕು. ಭುಜ, ಮೊಣಕಾಲು ನೋವಿಗೆ ಕೀಟೊಪ್ರೊಫೆನ್ ಜೆಲ್ ಹಚ್ಚುತ್ತೀಯಾ? ಅದು ಹಚ್ಚಿದ ಜಾಗಕ್ಕೆ ಬಿಸಿಲು ಬಿದ್ದರೆ ಕೆಲವರಿಗೆ ಜೋರು ಅಲರ್ಜಿ ಆಗುತ್ತದೆ. ಹಾಗೆ ಒಮ್ಮೆ ಆದವರಿಗೆ ಆಕ್ಟೋಕ್ರೈಲೀನ್ ಇರುವ ಸನ್‌ಸ್ಕ್ರೀನ್ ಕೂಡ ಆಗಿಬರದಿರಬಹುದು. ತುರಿಕೆ, ಗುಳ್ಳೆ ಬಂದರೆ ಎರಡನ್ನೂ ನಿಲ್ಲಿಸು.

ಪ್ರಶ್ನೆ (ಭದ್ರಾವತಿಯಿಂದ)

ಇದು ರಕ್ತಕ್ಕೆ ಸೇರುತ್ತದೆ ಅಂತ ವಿಡಿಯೋ ನೋಡಿದೆ. ಮನೆಯಲ್ಲಿ ನಾಲ್ಕು ತಿಂಗಳ ಮಗು ಇದೆ. ಭಯ ಆಗುತ್ತಿದೆ.

ಉತ್ತರ

ಸೇರುತ್ತದೆ ಅನ್ನುವುದು ನಿಜ. ಅಮೆರಿಕದ ಔಷಧಿ ನಿಯಂತ್ರಣ ಸಂಸ್ಥೆ ಎಫ್‌ಡಿಎ 2019ರಲ್ಲಿ ಒಂದು ಅಧ್ಯಯನ ಪ್ರಕಟಿಸಿತು. 24 ಜನರಿಗೆ ಮೈಯ ಮುಕ್ಕಾಲು ಭಾಗಕ್ಕೆ ದಿನಕ್ಕೆ ನಾಲ್ಕು ಸಲ, ನಾಲ್ಕು ದಿನ ಹಚ್ಚಿದರು. ಅವೊಬೆಂಜೋನ್ ರಕ್ತದಲ್ಲಿ ಕಂಡಿತು, ಇನ್ನಷ್ಟು ಪರೀಕ್ಷೆ ಬೇಕು ಅನ್ನುವ ಮಿತಿಗಿಂತ ಜಾಸ್ತಿಯೇ ಇತ್ತು. ಆದರೆ ರಕ್ತದಲ್ಲಿ ಕಂಡಿತು ಅಂದ ಮಾತ್ರಕ್ಕೆ ಹಾನಿ ಮಾಡಿತು ಅಂತ ಅಲ್ಲ. ಬಳಸುವುದು ನಿಲ್ಲಿಸಿ ಅಂತ ಎಫ್‌ಡಿಎ ಹೇಳಲಿಲ್ಲ. ಆದರೂ ಮನಸ್ಸು ಒಪ್ಪದಿದ್ದರೆ ಜಿಂಕ್ ಆಕ್ಸೈಡ್ ಇರುವುದನ್ನು ತಗೊಳ್ಳಿ. ಮುಖ ಸ್ವಲ್ಪ ಬೆಳ್ಳಗೆ ಕಾಣುತ್ತದೆ ಅಷ್ಟೆ. ಆರು ತಿಂಗಳ ಒಳಗಿನ ಮಗುವಿಗೆ ಯಾವ ಸನ್‌ಸ್ಕ್ರೀನೂ ಬೇಡ. ನೆರಳು, ತೆಳು ಹತ್ತಿ ಬಟ್ಟೆ ಸಾಕು.

ಮತ್ತೆ ತೀರ್ಥಹಳ್ಳಿಯ ತಾಯಿ

ಮೇಡಂ, ಬಕೆಟ್ ಪರೀಕ್ಷೆ ಮಾಡಿದೆ, ಬೆಳಿಗ್ಗೆ ನೀರು ಚಹಾದ ಬಣ್ಣ! ಹಂಡೆಯಲ್ಲಿ ಹಿಡಿದ ಮಳೆನೀರಲ್ಲಿ ನಿಂಬೆ ಉಪ್ಪು ಹಾಕಿ ಎರಡು ಸಲ ನೆನೆಸಿದೆ. ಒಂದು ಕುರ್ತಾ ಪೂರ್ತಿ ಬೆಳ್ಳಗಾಯಿತು. ಬ್ಲೀಚ್ ಹಾಕಿದ್ದರಲ್ಲಿ ಮಾತ್ರ ತೆಳುವಾಗಿ ಉಳಿದಿದೆ. ಇನ್ನು ಮುಂದೆ ಆಗದ ಹಾಗೆ ಏನು ಮಾಡಲಿ?

ಉತ್ತರ

ತುಂಬಾ ಸಂತೋಷ ಅಕ್ಕ. ಸನ್‌ಸ್ಕ್ರೀನ್ ಹಚ್ಚಿ ಹದಿನೈದು ನಿಮಿಷ ಬಿಟ್ಟು ಕುರ್ತಾ ಹಾಕಿಕೊಳ್ಳಲಿ. ಅವೊಬೆಂಜೋನ್ ಎಣ್ಣೆಯಲ್ಲಿ ಕರಗುವ ವಸ್ತು. ಹಾಗಾಗಿ ಸಂಜೆ ಬಂದ ಕೂಡಲೇ ಕಾಲರಿಗೆ ಪಾತ್ರೆ ತೊಳೆಯುವ ಲಿಕ್ವಿಡ್ ಹಚ್ಚಿ, ಮಳೆನೀರಲ್ಲಿ ಉಜ್ಜಿಬಿಡಿ. ಆಮೇಲೆ ಮಾಮೂಲಿ ಒಗೆತಕ್ಕೆ ಹಾಕಿ. ಕಬ್ಬಿಣದ ನೀರು ತಾಗುವ ಮೊದಲು ಕ್ರೀಮ್ ಹೋಗಿರಬೇಕು, ಗುಟ್ಟು ಅಷ್ಟೇ.

ಇದು ದಿನಾ ಕಷ್ಟ ಅನಿಸಿದರೆ ಈ ಟ್ಯೂಬ್ ಮುಗಿದ ಮೇಲೆ ಬೇರೆ ತನ್ನಿ. ‘ಡೈಈಥೈಲಮಿನೋ ಹೈಡ್ರಾಕ್ಸಿಬೆಂಜಾಯಿಲ್ ಹೆಕ್ಸಿಲ್ ಬೆಂಜೋಯೇಟ್’ ಅಂತ ಬರೆದಿರುತ್ತದೆ. ಅದೂ ಯುವಿ-ಎ ತಡೆಯುತ್ತದೆ, ಬಿಸಿಲಿಗೂ ಸುಲಭವಾಗಿ ಒಡೆಯುವುದಿಲ್ಲ. ಅವೊಬೆಂಜೋನ್‌ನಲ್ಲಿ ಇರುವಂಥ ಆಕ್ಸಿಜನ್ ಜೋಡಿ ಅದರಲ್ಲಿ ಇಲ್ಲ. ಇನ್ನೂ ಉದ್ದದ ಹೆಸರು, ಗೊತ್ತು. ಮೊಬೈಲಲ್ಲಿ ಈ ಉತ್ತರ ತೆಗೆದು ಅಂಗಡಿಯಲ್ಲಿ ತೋರಿಸಿ, ಓದಿ ಹೇಳಬೇಕಾಗಿಲ್ಲ.