ಘನ, ದ್ರವ, ಅನಿಲಗಳನ್ನು ಬೆರೆಸುವ ಯಂತ್ರ: ಕಥೆಗೆ ಸಲಹೆ ಬೇಕು

ಪ್ರಶ್ನೆ: ನಾನು ಬರೆಯುತ್ತಿರುವ ವಿಜ್ಞಾನ ಕಥೆಯಲ್ಲಿ, ಒಂದೇ ವಸ್ತುವಿನ ಮೂರು ಸ್ಥಿತಿಗಳನ್ನು ಬೇಕಾದ ಪ್ರಮಾಣದಲ್ಲಿ ಬೆರೆಸಿ, ಗೋಡೆಯಂತೆ ನಿಂತರೂ ಕೈ ತೂರಿಸಿದರೆ ದಾರಿ ಬಿಡುವ ಪದಾರ್ಥವನ್ನು ತಯಾರಿಸುವ ಯಂತ್ರವೊಂದಿದೆ. ಭೌತವಿಜ್ಞಾನ ಬಲ್ಲವರಿಗೂ ಒಪ್ಪಿಗೆಯಾಗುವಂತೆ ಇದನ್ನು ಹೇಗೆ ಬರೆಯಲಿ?

ಉತ್ತರ 1: ನೀರಿನ ತ್ರಿಬಿಂದುವಿನಿಂದ ಆರಂಭಿಸಿ. 0.01 ಡಿಗ್ರಿ ಸೆಲ್ಸಿಯಸ್ ಉಷ್ಣತೆ ಮತ್ತು ಸುಮಾರು 611 ಪಾಸ್ಕಲ್ ಒತ್ತಡದಲ್ಲಿ ಮಂಜುಗಡ್ಡೆ, ನೀರು, ಆವಿ ಮೂರೂ ಒಟ್ಟಿಗೆ ಇರುತ್ತವೆ. ಆದರೆ ಅವು ಬೆರೆಯುವುದಿಲ್ಲ. ಮಂಜುಗಡ್ಡೆಯ ಅಂಚು ಬೇರೆಯಾಗಿಯೇ ಉಳಿಯುತ್ತದೆ.

ಉತ್ತರ 2: ಮೇಲಿನ ಮಾತು ಸರಿ, ಆದರೂ ಗಡಿಯೇ ಅಳಿಸಿಹೋಗುವ ಸ್ಥಿತಿಯೊಂದಿದೆ, ನನಗಂತೂ ಅದೇ ಹೆಚ್ಚು ಸುಂದರವೆನಿಸುತ್ತದೆ. ದಪ್ಪ ಗಾಜಿನ ಕೊಳವೆಯಲ್ಲಿ ಮುಚ್ಚಿಟ್ಟ ಇಂಗಾಲದ ಡೈಆಕ್ಸೈಡನ್ನು ಬಿಸಿ ಮಾಡುತ್ತ ಹೋದರೆ, ಸುಮಾರು 31 ಡಿಗ್ರಿ ಮತ್ತು 73 ವಾಯುಮಂಡಲ ಒತ್ತಡದ ಹೊತ್ತಿಗೆ ದ್ರವದ ಮೇಲ್ಮೈ ಗೆರೆ ಮಸುಕಾಗಿ, ಕೊಳವೆಯೊಳಗೆ ಹಾಲಿನಂಥ ಮಬ್ಬು ಕವಿದು, ಕೊನೆಗೆ ಗೆರೆಯೇ ಕಾಣೆಯಾಗುತ್ತದೆ. ಈ ಸೂಪರ್‌ಕ್ರಿಟಿಕಲ್ ಸ್ಥಿತಿಯಲ್ಲಿ ಅದು ಅನಿಲದಂತೆ ಸಂದುಗಳಿಗೆ ನುಗ್ಗಿ, ದ್ರವದಂತೆ ಕರಗಿಸುತ್ತದೆ. ಕಾಫಿ ಬೀಜದಿಂದ ಕೆಫೀನ್ ತೆಗೆಯಲು ಇದನ್ನೇ ಬಳಸುತ್ತಾರೆ.

ಉತ್ತರ 3: ಶಕ್ತಿಯ ಲೆಕ್ಕವನ್ನು ದಯವಿಟ್ಟು ಬಿಡಬೇಡಿ. ಒಂದು ಕಿಲೋಗ್ರಾಂ ಮಂಜುಗಡ್ಡೆ ಕರಗಲು ಸುಮಾರು 334 ಕಿಲೋಜೂಲ್ ಬೇಕು. ನಿಮ್ಮ ಗೋಡೆ ದಾರಿ ಬಿಡುವಾಗ ಆ ಶಾಖವನ್ನು ತೂರಿಸಿದ ಕೈಯಿಂದಲೇ ಹೀರಿಕೊಂಡರೆ, ಪಾತ್ರಕ್ಕೆ ಆಗುವ ನೋವೇ ಕಥೆಯನ್ನು ನಂಬಿಸುತ್ತದೆ.