8ಕೆ ಟಿವಿ ತಗೊಂಡರೆ ಪಿಎಸ್5 ಆಟ ನಿಜಕ್ಕೂ 8ಕೆಯಲ್ಲಿ ಬರುತ್ತಾ?

ಮೈಸೂರು_ಪ್ಯಾಡ್:

ಎಲ್ಲರಿಗೂ ನಮಸ್ಕಾರ. ಪ್ರಶ್ನೆ ಸ್ವಲ್ಪ ಉದ್ದ ಆಗಿದೆ, ಬೈಕೋಬೇಡಿ.

ಮನೆಯಲ್ಲಿ 55 ಇಂಚಿನ 4ಕೆ ಟಿವಿ ಇದೆ, ಎರಡು ವರ್ಷ ಹಳೆಯದು, ಅಣ್ಣ ತಂದದ್ದು. ದಸರಾ ಹೊತ್ತಿಗೆ ಪಿಎಸ್5 (ಸೋನಿಯ ಪ್ಲೇಸ್ಟೇಷನ್ 5 ಗೇಮ್ ಕನ್ಸೋಲ್) ತಗೊಂಡೆ. ಡಿಸ್ಕ್ ಹಾಕುವ ಮಾಡೆಲ್, ಇನ್ನೂ ಶಕ್ತಿ ಜಾಸ್ತಿ ಇರುವ ಪ್ರೊ ಅಲ್ಲ. ಮೊದಲ ವಾರ ಖುಷಿಯೋ ಖುಷಿ. ಆಮೇಲೆ ಗೆಳೆಯನ ಮನೆಗೆ ಹೋಗಿ ಅದೇ ಆಟ ಅವನ ಟಿವಿಯಲ್ಲಿ ನೋಡಿದೆ ನೋಡಿ, ಅವತ್ತಿನಿಂದ ನಿದ್ದೆ ಇಲ್ಲ. ನಮ್ಮ ಮನೆಯಲ್ಲಿ ದೂರದ ತಂತಿಬೇಲಿ, ಮರದ ಎಲೆ ಎಲ್ಲ ಮಿಣಮಿಣ ಅನ್ನುತ್ತದೆ. ಕ್ಯಾಮೆರಾ ತಿರುಗಿಸಿದರೆ ಎಲ್ಲ ಕಲಸಿಹೋಗುತ್ತದೆ. ಇನ್ನೊಂದು, ಫುಟ್‌ಬಾಲ್ ಆಡುವಾಗ ನಾನು ಬಟನ್ ಒತ್ತಿದ ಮೇಲೆ ಆಟಗಾರ ಒಂದು ಚೂರು ಯೋಚನೆ ಮಾಡಿ ಒದೆಯುತ್ತಾನೆ ಅನ್ನಿಸುತ್ತದೆ.

ಟಿವಿ ಅಂಗಡಿಗೆ ಹೋಗಿ ಕೇಳಿದೆ. ಅಲ್ಲಿದ್ದ ಹುಡುಗ ಒಂದೇ ಮಾತಿನಲ್ಲಿ ಮುಗಿಸಿದ: "ಸರ್, ನಿಮ್ಮ ಕನ್ಸೋಲ್ 8ಕೆ, ಟಿವಿ 4ಕೆ, ಅದಕ್ಕೇ ಮ್ಯಾಚ್ ಆಗ್ತಿಲ್ಲ." ಹಳೇ ಟಿವಿ ಎಕ್ಸ್‌ಚೇಂಜ್‌ಗೆ ಕೊಟ್ಟರೂ 65 ಇಂಚಿನ 8ಕೆಗೆ ಇನ್ನೂ 2 ಲಕ್ಷದ 60 ಸಾವಿರ ಹಾಕಬೇಕಂತೆ. ಇಎಂಐ ಇದೆ ಅಂದ. ಮನೆಗೆ ಬಂದು ನನ್ನ ಬಾಕ್ಸ್ ನೋಡಿದರೆ ಎಲ್ಲೂ 8ಕೆ ಅಂತ ಇಲ್ಲ. ಆದರೆ ನಮ್ಮ ಮಾವನ ಮಗನ ಹತ್ತಿರ 2021ರಲ್ಲಿ ತಗೊಂಡ ಪಿಎಸ್5 ಇದೆ, ಅದರ ಬಾಕ್ಸ್ ಮೇಲೆ 8ಕೆ ಅಂತ ದಪ್ಪಗೆ ಹಾಕಿದ್ದಾರೆ. ಹಾಗಾದರೆ ನನ್ನದು ಕಡಿಮೆ ಮಾಡೆಲ್ಲಾ? 8ಕೆ ಟಿವಿ ತಗೊಂಡರೆ ಈ ಮಿಣಮಿಣ ಹೋಗುತ್ತಾ? ಗೊತ್ತಿದ್ದವರು ಹೇಳಿ.

ಹಳೇ_ಕ್ಯಾಸೆಟ್:

ಮೊದಲು ಆ ಇಎಂಐ ಫಾರ್ಮ್ ಪಕ್ಕಕ್ಕಿಡಿ. ಸೈನ್ ಹಾಕಿಲ್ಲ ತಾನೇ?

ಬಾಕ್ಸ್ ಕಥೆ ಹೀಗಿದೆ. 2020ರ ನವೆಂಬರ್‌ನಲ್ಲಿ ಪಿಎಸ್5 ಬಂತು, ನಮ್ಮಲ್ಲಿಗೆ ಬಂದದ್ದು 2021ರ ಫೆಬ್ರವರಿ 2ಕ್ಕೆ. ಆಗ ಸೋನಿಯವರು ಹೇಳಿದ್ದು, 8ಕೆ ಔಟ್‌ಪುಟ್ ಮುಂದೆ ಒಂದು ಅಪ್‌ಡೇಟ್‌ನಲ್ಲಿ ಕೊಡುತ್ತೇವೆ ಅಂತ. ಆ ಭರವಸೆಯನ್ನೇ ಬಾಕ್ಸ್ ಮೇಲೆ ಅಚ್ಚು ಹಾಕಿದರು. 2024ರಲ್ಲಿ ಹೊಸ ಬಾಕ್ಸ್‌ಗಳಿಂದ ಅದನ್ನು ಸದ್ದಿಲ್ಲದೆ ತೆಗೆದರು. ನಿಮ್ಮದು ಕಡಿಮೆ ಮಾಡೆಲ್ ಅಲ್ಲ, ನಿಮ್ಮ ಬಾಕ್ಸ್ ಸ್ವಲ್ಪ ಪ್ರಾಮಾಣಿಕ, ಅಷ್ಟೇ.

ಆ ದಿನಗಳಲ್ಲಿ 8ಕೆಯಲ್ಲಿ ಚಿತ್ರ ಬರೆದ ಆಟ ಅಂತ ಎಲ್ಲರೂ ಹೇಳುತ್ತಿದ್ದದ್ದು ದಿ ಟೂರಿಸ್ಟ್. ಮ್ಯೂನಿಕ್‌ನ ಶಿನ್‌ಎನ್ ಅನ್ನುವ ಪುಟ್ಟ ತಂಡದ್ದು, 2021ರಲ್ಲಿ ಪಿಎಸ್5ಗೆ ಬಂತು. ಒಳಗೆ 8ಕೆಯಲ್ಲೇ ಸೆಕೆಂಡಿಗೆ 60 ಫ್ರೇಮ್, ಅಂದರೆ 60 ಬಿಡಿ ಚಿತ್ರ, ತಯಾರು ಮಾಡುತ್ತದೆ. ಆದರೆ ಕನ್ಸೋಲ್ 8ಕೆ ಹೊರಗೆ ಕಳಿಸುವುದೇ ಇಲ್ಲವಲ್ಲ, ಹಾಗಾಗಿ ಅದನ್ನು 4ಕೆಗೆ ಕುಗ್ಗಿಸಿ ಟಿವಿಗೆ ಕೊಡುತ್ತಿತ್ತು. ಆ ಆಟ ಹೇಗಿದೆ ಅಂತ ಒಮ್ಮೆ ನೋಡಿ, ಮಕ್ಕಳು ಪ್ಲಾಸ್ಟಿಕ್ ಇಟ್ಟಿಗೆ ಜೋಡಿಸಿದ ಹಾಗಿದೆ. ಅಷ್ಟು ಸರಳ ಚಿತ್ರಕ್ಕೆ 8ಕೆ ಸಾಧ್ಯ ಆಯಿತು. ಹುಲ್ಲು, ಕೂದಲು, ಮಳೆ, ನೆರಳು ಎಲ್ಲ ಇರುವ ದೊಡ್ಡ ಆಟಕ್ಕೆ ಆ ಮಾತು ಬೇರೆ.

ಲೆಕ್ಕ ನೋಡಿ. ಫುಲ್ ಎಚ್‌ಡಿ ಅಂದರೆ ಸುಮಾರು 20.7 ಲಕ್ಷ ಪಿಕ್ಸೆಲ್. 4ಕೆ ಅಂದರೆ 83 ಲಕ್ಷ. 8ಕೆ ಅಂದರೆ 3 ಕೋಟಿ 32 ಲಕ್ಷ. ಇಷ್ಟನ್ನೂ 60 ಫ್ರೇಮ್ ಬೇಕಾದರೆ ಪ್ರತಿ ಸಲ 16.7 ಮಿಲಿಸೆಕೆಂಡ್ ಒಳಗೆ ಮುಗಿಸಬೇಕು. ಸಂಕ್ರಾಂತಿ ದಿನ ಬಾಗಿಲ ಮುಂದೆ ರಂಗೋಲಿ ಹಾಕುವವರನ್ನು ಕೇಳಿ, ಚುಕ್ಕಿ ನಾಲ್ಕು ಪಟ್ಟು ಆಯಿತು, ಹೊತ್ತು ಮಾತ್ರ ಅಷ್ಟೇ ಅಂದರೆ ಏನು ಮಾಡುತ್ತಾರೆ ಅಂತ. ಬಣ್ಣ ತುಂಬುವುದನ್ನು ಬಿಡುತ್ತಾರೆ. ಆಟ ಮಾಡುವವರೂ ಅದನ್ನೇ ಮಾಡುತ್ತಾರೆ, ನೆರಳು ಕಡಿಮೆ, ಬೆಳಕು ಕಡಿಮೆ, ಇಲ್ಲದಿದ್ದರೆ 30 ಫ್ರೇಮ್.

ಇಲ್ಲೇ ನಿಮ್ಮ ಮಿಣಮಿಣದ ಕಾರಣವೂ ಇದೆ. 4ಕೆ ಅನ್ನಿಸಿಕೊಳ್ಳುವ ಎಷ್ಟೋ ಆಟಗಳು ಒಳಗೆ 4ಕೆಗಿಂತ ಕಡಿಮೆ ಪಿಕ್ಸೆಲ್‌ನ 1440ಪಿಯಲ್ಲಿ, ಓಟಕ್ಕೆ ಒತ್ತು ಕೊಡುವ ಪರ್ಫಾರ್ಮೆನ್ಸ್ ಮೋಡ್‌ನಲ್ಲಿ ಅದಕ್ಕಿಂತ ಕಡಿಮೆಯಲ್ಲೂ ಚಿತ್ರ ಬರೆದು, ಹಿಂದಿನ ಫ್ರೇಮ್‌ಗಳ ಸಹಾಯದಿಂದ ಹಿಗ್ಗಿಸುತ್ತವೆ. ತಂತಿಬೇಲಿಯ ಒಂದು ತಂತಿ ಒಂದು ಪಿಕ್ಸೆಲ್‌ಗಿಂತ ತೆಳ್ಳಗಿದ್ದರೆ ಈ ಫ್ರೇಮ್‌ನಲ್ಲಿ ಸಿಕ್ಕಿತು, ಮುಂದಿನದರಲ್ಲಿ ತಪ್ಪಿತು. ಅದೇ ಮಿಣಮಿಣ. 8ಕೆ ಟಿವಿ ತಂದಿಟ್ಟರೆ ಅದೇ 1440ಪಿ ಚಿತ್ರವನ್ನು ಆ ಟಿವಿ ಇನ್ನೂ ಒಂದು ಸಲ ಹಿಗ್ಗಿಸುತ್ತದೆ, ಬೇಲಿ ಅಲ್ಲೂ ಮಿಣುಕುತ್ತದೆ, ಇನ್ನೂ ದೊಡ್ಡದಾಗಿ.

ಆಟದ ಒಳಗೆ ಫಿಡೆಲಿಟಿ ಅಥವಾ ಕ್ವಾಲಿಟಿ ಅನ್ನುವ, ಓಟಕ್ಕಿಂತ ಚಿತ್ರಕ್ಕೆ ಒತ್ತು ಕೊಡುವ ಮೋಡ್ ಇರುತ್ತದೆ. ಕನ್ಸೋಲ್‌ನಲ್ಲಿ ಗೇಮ್ ಪ್ರೀಸೆಟ್ಸ್ ಅಂತಲೂ ಇದೆ, ಅಲ್ಲಿ ರೆಸಲ್ಯೂಷನ್ ಮೋಡ್ ಆರಿಸಿ ಒಮ್ಮೆ ನೋಡಿ. ಮಿಣಮಿಣ ಕಡಿಮೆ ಆಗಬೇಕು. ಬಟನ್ ತಡ ಆಗುವುದು ಬೇರೆಯೇ ಕಾಯಿಲೆ, ಟಿವಿ ಗೇಮ್ ಮೋಡ್‌ನಲ್ಲಿ (ಚಿತ್ರ ತಿದ್ದುವ ಕೆಲಸ ಕಡಿಮೆ ಮಾಡಿ ತಡ ತಪ್ಪಿಸುವ ಸೆಟ್ಟಿಂಗ್) ಇಲ್ಲ ಅನ್ನಿಸುತ್ತದೆ.

ಫ್ರಾಂಕ್‌ಫರ್ಟ್_ಕನ್ನಡಿಗ:

ಸ್ವಲ್ಪ ಜಗಳ ಆಡಲಾ? 8ಕೆ ಪೂರ್ತಿ ಸುಳ್ಳು ಅಂತ ಎಲ್ಲರೂ ಹೇಳಿಬಿಡುತ್ತಾರೆ. ನನ್ನ ಹತ್ತಿರ ಪಿಎಸ್5 ಪ್ರೊ ಇದೆ, 2024ರ ನವೆಂಬರ್ 7ಕ್ಕೆ ಇಲ್ಲಿ ಬಿಡುಗಡೆ ಆದದ್ದು. ಅದು 8ಕೆ ಹೊರಗೆ ಕಳಿಸುತ್ತದೆ. ಗ್ರ್ಯಾನ್ ಟುರಿಸ್ಮೊ 7 ಅನ್ನುವ ಕಾರ್ ರೇಸ್ ಆಟಕ್ಕೆ 8ಕೆ ಮೋಡ್ ಕೊಟ್ಟಿದ್ದಾರೆ, ನೋ ಮ್ಯಾನ್ಸ್ ಸ್ಕೈ ಆಟಕ್ಕೂ ಇದೆ. ಸಹೋದ್ಯೋಗಿಯ ಮನೆಯಲ್ಲಿ 75 ಇಂಚಿನ 8ಕೆ ಟಿವಿ ಇದೆ, ಪ್ರೊ ಹೊತ್ತುಕೊಂಡು ಹೋಗಿ ಹಾಕಿ ನೋಡಿದೆವು. ಟಿವಿಗೆ ಮೂಗು ತಾಗುವಷ್ಟು ಹತ್ತಿರ ನಿಂತಾಗ ಕಾರಿನ ಹೆಡ್‌ಲೈಟ್ ಒಳಗಿನ ಗೆರೆಗಳು ಸೂಜಿಯಲ್ಲಿ ಕೆತ್ತಿದ ಹಾಗಿದ್ದವು. ಸೋಫಾಗೆ ಬಂದು ಕೂತೆವು. ಅವನು ಮೋಡ್ ಬದಲಾಯಿಸುತ್ತಾ "ಈಗ ಯಾವುದು?" ಅಂತ ಕೇಳಿದ, ನಾನು ಐದರಲ್ಲಿ ಎರಡು ಸಲ ಸರಿ ಹೇಳಿದೆ. ಸರಿ, ಜಗಳದಲ್ಲಿ ನಾನೇ ಸೋತೆ ಅನ್ನಿಸುತ್ತೆ.

ಆದರೆ ಪ್ರೊನ ನಿಜವಾದ ಲಾಭ 4ಕೆ ಟಿವಿಯಲ್ಲೇ ಇದೆ. ಪಿಎಸ್‌ಎಸ್‌ಆರ್ ಅಂತ ಒಂದಿದೆ, ಕಡಿಮೆ ಪಿಕ್ಸೆಲ್ ಚಿತ್ರವನ್ನು ಮೆಷಿನ್ ಲರ್ನಿಂಗ್‌ನಿಂದ ಹಿಗ್ಗಿಸುತ್ತದೆ. ತಂತಿಬೇಲಿ ಎಷ್ಟೋ ಆಟಗಳಲ್ಲಿ ನೆಟ್ಟಗೆ ನಿಲ್ಲುತ್ತದೆ, ಎಲ್ಲದರಲ್ಲೂ ಅಲ್ಲ. ಬಿಡುಗಡೆ ಹೊತ್ತಿನಲ್ಲಿ ಭಾರತಕ್ಕೆ ಪ್ರೊ ಬರಲಿಲ್ಲ. ಅದರ ವೈಫೈ 7ಕ್ಕೆ ಬೇಕಾದ 6 ಗಿಗಾಹರ್ಟ್ಸ್ ಬ್ಯಾಂಡ್‌ಗೆ ಆಗ ಅಲ್ಲಿ ಅನುಮತಿ ಇರಲಿಲ್ಲ. ಚಿತ್ರದ ಶಕ್ತಿಗೂ ವೈಫೈಗೂ ಏನು ಸಂಬಂಧ ಹೇಳಿ, ಆದರೂ ಅದಕ್ಕೇ ನಿಂತುಹೋಯಿತು.

ಇನ್ನೊಂದು ಮಾತು. ಇಲ್ಲಿ ಯುರೋಪಿಯನ್ ಯೂನಿಯನ್‌ನಲ್ಲಿ 2023ರ ಮಾರ್ಚ್‌ನಿಂದ ಟಿವಿಗಳ ವಿದ್ಯುತ್ ಮಿತಿ 8ಕೆಗೂ ಬಂತು. ಪಿಕ್ಸೆಲ್ ಸಣ್ಣದಾದಷ್ಟೂ ಬೆಳಕು ತೂರಿ ಬರುವ ಜಾಗ ಕಡಿಮೆ, ಹಾಗಾಗಿ ಹಿಂದಿನ ಲೈಟ್ ಜಾಸ್ತಿ ಉರಿಯಬೇಕು. ಕಂಪನಿಗಳು ಡಬ್ಬದಿಂದ ತೆಗೆದಾಗಿನ ಸೆಟ್ಟಿಂಗನ್ನು ಮಂದ ಮಾಡಿ ಮಾರುತ್ತಿವೆ. ಕರೆಂಟ್ ಬಿಲ್ ನೀವೇ ಕಟ್ಟುವುದಾದರೆ ಅದನ್ನೂ ಲೆಕ್ಕಕ್ಕೆ ತಗೊಳ್ಳಿ.

ಕುಡ್ಲದ_ಗೇಮರ್:

ಮಾರಾಯ್ರೇ, ನೀವೆಲ್ಲ ಕೋಟಿ ಲಕ್ಷ ಎಣಿಸ್ತಾ ಕೂತಿದ್ದೀರಿ. ಅವರ ಸೋಫಾ ಎಲ್ಲಿದೆ ಅಂತ ಒಬ್ಬರೂ ಕೇಳಲಿಲ್ಲ!

ಸಾಮಾನ್ಯ ಒಳ್ಳೆ ಕಣ್ಣಿಗೆ ಒಂದು ಡಿಗ್ರಿಯ ಅರವತ್ತನೇ ಒಂದು ಭಾಗದಷ್ಟು ಸಣ್ಣದು ಬೇರೆ ಬೇರೆಯಾಗಿ ಕಾಣುತ್ತದೆ. ಅದನ್ನು 55 ಇಂಚಿನ ಟಿವಿಗೆ ಹಾಕಿ ನೋಡಿದೆ. 4ಕೆಯ ಒಂದೊಂದು ಪಿಕ್ಸೆಲ್ ಬಿಡಿಸಿ ನೋಡಬೇಕಾದರೆ ಮೂರೂವರೆ ಅಡಿಯಲ್ಲಿ ಕೂರಬೇಕು. ಆ ಅಂಗಡಿಯವರ 65 ಇಂಚಿನ 8ಕೆಗೆ ಎರಡು ಅಡಿ ಚಿಲ್ಲರೆ. ಎರಡು ಅಡಿ ಅಂದರೆ ಟಿವಿ ಸ್ಟ್ಯಾಂಡ್ ಮೇಲೆ ಕೂತು ಆಡಬೇಕು. ಕೆಲವರ ಕಣ್ಣು ಇದಕ್ಕಿಂತ ಚುರುಕು ಇರುತ್ತದೆ, ಮತ್ತೆ ಮಿಣುಕುವುದು ದೂರಕ್ಕೂ ಕಾಣುತ್ತದೆ, ಅದನ್ನು ಒಪ್ಪುತ್ತೇನೆ. ಆದರೂ ಟೇಪ್ ತಗೊಂಡು ಒಮ್ಮೆ ಅಳೆಯಿರಿ.

ಮತ್ತೆ ಟಿವಿಯ ಹಿಂದೆ ಬಗ್ಗಿ ನೋಡಿ. ಎಚ್‌ಡಿಎಂಐ ಪೋರ್ಟ್ ಎಲ್ಲ ಒಂದೇ ಅಲ್ಲ. ಎಷ್ಟೋ ಟಿವಿಗಳಲ್ಲಿ ನಾಲ್ಕು ಪೋರ್ಟ್ ಇದ್ದರೂ 4ಕೆ 120 ಹರ್ಟ್ಸ್ (ಸೆಕೆಂಡಿಗೆ 120 ಸಲ ಚಿತ್ರ ಬದಲಾಗುವುದು) ತಗೊಳ್ಳುವುದು ಎರಡು ಮಾತ್ರ, ಹೆಚ್ಚಾಗಿ 3 ಮತ್ತು 4. ಪೋರ್ಟ್ ಪಕ್ಕದಲ್ಲೇ ಸಣ್ಣ ಅಕ್ಷರದಲ್ಲಿ ಬರೆದಿರುತ್ತದೆ. ನನ್ನ ಬಾಬತ್ತು ಹೇಳುತ್ತೇನೆ, ಎಂಟು ತಿಂಗಳು ಕನ್ಸೋಲನ್ನು ಸೌಂಡ್‌ಬಾರ್ ಮೂಲಕ ಟಿವಿಗೆ ಹಾಕಿದ್ದೆ. ಆ ಸೌಂಡ್‌ಬಾರ್ 60 ಹರ್ಟ್ಸ್‌ಗಿಂತ ಮೇಲೆ ಬಿಡುವುದೇ ಇಲ್ಲ ಅಂತ ಗೊತ್ತಾದದ್ದು ಕಡೆಗೆ. ಕನ್ಸೋಲ್ ನೇರ ಟಿವಿಗೆ, ಸೌಂಡ್‌ಬಾರ್ ಇಆರ್ಕ್ ಅನ್ನುವ, ಟಿವಿಯ ಶಬ್ದ ಹೊರಗೆ ಕಳಿಸುವ ಪೋರ್ಟ್‌ಗೆ. ಅಷ್ಟೇ. ಕೇಬಲ್ ಪಿಎಸ್5 ಜೊತೆ ಬಂದದ್ದನ್ನೇ ಹಾಕಿ, ಸುಮ್ನೆ ಐದು ಮೀಟರ್‌ದು ತಂದು ಎಳೆಯಬೇಡಿ.

ಹಳೇ_ಕ್ಯಾಸೆಟ್:

ಪೋರ್ಟ್ ವಿಷಯ ನಾನು ಮರೆತೇಬಿಟ್ಟಿದ್ದೆ, ಕುಡ್ಲದವರಿಗೆ ಒಂದು ನೀರುದೋಸೆ ನನ್ನ ಲೆಕ್ಕದಲ್ಲಿ.

ಇದಕ್ಕೆ ಒಂದು ಸೇರಿಸುತ್ತೇನೆ. ಹಳೇ ಎಚ್‌ಡಿಎಂಐ 2.0 ಪೈಪಿನಲ್ಲಿ ಹೋಗುವುದು ಸೆಕೆಂಡಿಗೆ 18 ಗಿಗಾಬಿಟ್. 2.1ರಲ್ಲಿ 48ರ ತನಕ. ಪಿಎಸ್5 ಅದರಲ್ಲಿ 32 ಬಳಸುತ್ತದೆ. 8ಕೆ 60 ಫ್ರೇಮ್ ಎಚ್‌ಡಿಆರ್ (ಬೆಳಕು, ಬಣ್ಣದ ಹರವು ಜಾಸ್ತಿ ಇರುವ) ಬಣ್ಣ ಏನೂ ಹಿಂಡದೆ ಕಳಿಸಬೇಕಾದರೆ ಬರೀ ಚಿತ್ರಕ್ಕೇ ಸುಮಾರು 60 ಬೇಕು. ಅಂದರೆ 48ರ ಪೈಪಿಗೂ ಹಿಡಿಸುವುದಿಲ್ಲ, ಬಣ್ಣ ಕಡಿಮೆ ಮಾಡಬೇಕು ಇಲ್ಲವೇ ಒತ್ತಿ ತುಂಬಬೇಕು. ಇನ್ನೂ ತಮಾಷೆ ಅಂದರೆ, ಈಗ ಟಿವಿ ಮೇಲೆ 2.1 ಅಂತ ಬರೆದಿದ್ದರೂ 120 ಹರ್ಟ್ಸ್ ಇರಲೇಬೇಕು ಅಂತಿಲ್ಲ. ಅದರ ಸೌಲಭ್ಯ ಎಲ್ಲ ಐಚ್ಛಿಕ, ಇದ್ದರೂ ಆಯಿತು ಇಲ್ಲದಿದ್ದರೂ ಆಯಿತು. ಅಂಗಡಿಯಲ್ಲಿ 2.1 ಇದೆಯಾ ಅಂತ ಕೇಳಬೇಡಿ, 4ಕೆ 120 ತಗೊಳ್ಳುತ್ತಾ, ವಿಆರ್‌ಆರ್ (ಆಟದ ಫ್ರೇಮ್ ವೇಗಕ್ಕೆ ಟಿವಿ ತಾನೇ ಹೊಂದಿಕೊಳ್ಳುವುದು) ಇದೆಯಾ ಅಂತ ಕೇಳಿ.

120 ಹರ್ಟ್ಸ್ ಇದ್ದರೆ ಒಂದು ಒಳ್ಳೆ ಮಧ್ಯದ ದಾರಿಯೂ ಸಿಗುತ್ತದೆ. 2021ರಲ್ಲಿ ರ‍್ಯಾಚೆಟ್ ಅಂಡ್ ಕ್ಲ್ಯಾಂಕ್ ಅನ್ನುವ ಪಿಎಸ್5 ಆಟದಲ್ಲಿ 40 ಫ್ರೇಮ್ ಮೋಡ್ ಕೊಟ್ಟರು. 30ಕ್ಕೂ 40ಕ್ಕೂ ಬರೀ ಹತ್ತು ಅಲ್ವಾ ಅನ್ನಬೇಡಿ. 30ರಲ್ಲಿ ಒಂದು ಫ್ರೇಮ್‌ಗೆ 33.3 ಮಿಲಿಸೆಕೆಂಡ್, 60ರಲ್ಲಿ 16.7, 40ರಲ್ಲಿ ಸರಿಯಾಗಿ 25. ಎರಡಕ್ಕೂ ನಟ್ಟನಡುವೆ. 120ನ್ನು 40 ಸಮನಾಗಿ ಭಾಗಿಸುತ್ತದೆ, 60ನ್ನು ಭಾಗಿಸುವುದಿಲ್ಲ, ಅದಕ್ಕೇ 120 ಹರ್ಟ್ಸ್ ಟಿವಿ ಬೇಕು. ಚಿತ್ರವೂ ಚೊಕ್ಕ, ಓಟವೂ ಸಲೀಸು. ನನ್ನನ್ನು ಕೇಳಿದರೆ 8ಕೆಗಿಂತ ನೂರು ಪಾಲು ಇದೇ ಮೇಲು.

ಮೈಸೂರು_ಪ್ಯಾಡ್, ಸೆಟ್ಟಿಂಗ್ಸ್, ಸ್ಕ್ರೀನ್ ಆಂಡ್ ವಿಡಿಯೊ, ಅದರೊಳಗೆ ವಿಡಿಯೊ ಔಟ್‌ಪುಟ್ ಇನ್ಫರ್ಮೇಷನ್ ತೆಗೆದು ಅಲ್ಲಿ ಏನಿದೆ ಹಾಕಿ. ಟಿವಿ ಹಿಂದಿನ ಫೋಟೊನೂ ಹಾಕಿ.

ಮೈಸೂರು_ಪ್ಯಾಡ್:

ಅಳೆದೆ. ಸೋಫಾದಿಂದ ಟಿವಿಗೆ ಒಂಬತ್ತು ಅಡಿ, ಎರಡು ಇಂಚು. ಸಾಕಲ್ಲ, ಮಾತು ಮುಗೀತು.

ಇನ್ಫರ್ಮೇಷನ್‌ನಲ್ಲಿ 3840x2160, 60 ಹರ್ಟ್ಸ್. 120 ಹರ್ಟ್ಸ್ ಸಪೋರ್ಟ್ ಇಲ್ಲ ಅಂತ ತೋರಿಸಿತು. ಅಣ್ಣನಿಗೆ ಫೋನ್ ಮಾಡಿದರೆ "120 ಇದೆ ಕಣೋ, ಅದಕ್ಕೇ ಜಾಸ್ತಿ ದುಡ್ಡು ಕೊಟ್ಟಿದ್ದು" ಅಂತ ಬೈದ. ಸರಿ ಅಂತ ಟಾರ್ಚ್ ಹಿಡಿದು ಟಿವಿ ಹಿಂದೆ ತಲೆ ತೂರಿಸಿದೆ. ಎಷ್ಟು ಧೂಳು ಅಂದರೆ ಪೋರ್ಟ್ ಪಕ್ಕದ ಅಕ್ಷರ ಬೆರಳಿನಲ್ಲಿ ಒರೆಸಿ ಓದಬೇಕಾಯಿತು. ಪಿಎಸ್5 ಇದ್ದದ್ದು ಒಂದನೇ ಪೋರ್ಟಿನಲ್ಲಿ. ಮೂರರಲ್ಲಿ ಸೌಂಡ್‌ಬಾರ್. ನಾಲ್ಕರ ಪಕ್ಕ "4ಕೆ 120" ಅಂತ ಇದೆ, ಅದರಲ್ಲಿ ಕೇಬಲ್‌ನವನು ಕೊಟ್ಟ ಸೆಟ್‌ಟಾಪ್ ಬಾಕ್ಸ್. ಎಚ್‌ಡಿ ಕೂಡ ಅಲ್ಲ ಅದು.

ಎರಡನ್ನೂ ಅದಲು ಬದಲು ಮಾಡಿದೆ. ಟಿವಿಯ ಮೆನುವಿನಲ್ಲಿ ಆ ಪೋರ್ಟಿಗೆ ಎನ್‌ಹ್ಯಾನ್ಸ್ಡ್ ಅಂತ ಒಂದು ಆಯ್ಕೆ ಇತ್ತು, ಅದನ್ನೂ ಹಾಕಿದೆ. ಗೇಮ್ ಮೋಡ್ ತಾನಾಗಿಯೇ ಬಂತು. ಶಾರ್ಪ್‌ನೆಸ್ ಯಾರೋ 80ರಲ್ಲಿ ಇಟ್ಟಿದ್ದರು, ಕೆಳಗೆ ಇಳಿಸಿದೆ, ಅರ್ಧ ಮಿಣಮಿಣ ಅಲ್ಲೇ ಹೋಯಿತು ನೋಡಿ. ಈಗ 120 ಹರ್ಟ್ಸ್ ತೋರಿಸುತ್ತಿದೆ, ವಿಆರ್‌ಆರ್ ಕೂಡ ಆನ್. ಪೆನಾಲ್ಟಿ ಒದ್ದೆ, ಒತ್ತಿದ ತಕ್ಷಣ ಒದ್ದ. ಬೇಲಿ ಇನ್ನೂ ಒಂಚೂರು ಮಿಣುಕುತ್ತದೆ, ಇರಲಿ ಬಿಡಿ.

ಅಂಗಡಿಯ ಹುಡುಗ ಇವತ್ತೂ ಎರಡು ಸಲ ಫೋನ್ ಮಾಡಿದ, ತೆಗೆಯಲಿಲ್ಲ. ಈಗಿನ ದೊಡ್ಡ ಸಮಸ್ಯೆ ಬೇರೆ. ಏಳು ಗಂಟೆಗೆ ಅಮ್ಮ ರಿಮೋಟ್ ಒತ್ತಿದರೆ ಧಾರಾವಾಹಿ ಬರುವ ಜಾಗದಲ್ಲಿ ಪಿಎಸ್5 ಬರುತ್ತಿದೆ. ಇನ್‌ಪುಟ್ ಹೆಸರು ಬದಲಾಯಿಸುವುದು ಹೇಗೆ, ಯಾರಾದರೂ ಬೇಗ ಹೇಳಿ, ಪ್ಲೀಸ್.