ಒರೆಕ್ಕಿಯೆತ್ತೆ: ತುಂಡು ಸುರುಳುತ್ತಿಲ್ಲ, ಹೆಸರೂ ಗೊಂದಲ

ಪ್ರಶ್ನೆ

ದಕ್ಷಿಣ ಇಟಲಿಯ ಪುಲಿಯಾ ಪ್ರಾಂತ್ಯದ ಒರೆಕ್ಕಿಯೆತ್ತೆ ಪಾಸ್ತಾ ಬಗ್ಗೆ ಗೊತ್ತಿರುವವರು ಎರಡು ವಿಷಯ ಬಿಡಿಸಿ ಹೇಳಬೇಕು.

ಒಂದು, ಹೆಸರು. ಕಿವಿಯಾಕಾರದ ಈ ಪಾಸ್ತಾಕ್ಕೆ ಕೆಲವರು ಒರೆಕ್ಕಿಯೆತ್ತೆ ಅನ್ನುತ್ತಾರೆ, ಕೆಲವರು ಸ್ತ್ರಾಶಿನಾತಿ ಅನ್ನುತ್ತಾರೆ. ಹೆಚ್ಚುಕಡಿಮೆ ಹೀಗೇ ಕಾಣುವ ಇನ್ನೊಂದಕ್ಕೆ ಕವಾತೆಲ್ಲಿ ಅಂತ ಹೆಸರಿದೆ. ಇವು ಬೇರೆ ಬೇರೆಯೋ, ಒಂದಕ್ಕೇ ಊರೂರಲ್ಲಿ ಬೇರೆ ಹೆಸರೋ?

ಎರಡು, ಕೈಕೆಲಸ. ಕಣಕದ ಲೆಕ್ಕ ಹೀಗಿದೆ: 200 ಗ್ರಾಂ ರವೆ, 200 ಗ್ರಾಂ ಮೈದಾ, 170 ಮಿಲಿ ತಣ್ಣೀರು. ನಾದಿದ ಕೂಡಲೇ ಹೊಸೆದು ಕತ್ತರಿಸುವುದು. ಅಂಟಬಾರದೆಂದು ಮಣೆಗೆ ಹಿಟ್ಟು ಉದುರಿಸುವುದು. ಚಾಕುವಿನಿಂದ ಎಳೆದರೆ ತುಂಡು ಸುರುಳದೆ ಇಡಿಯಾಗಿ ಜಾರಿಬರುತ್ತದೆ. ಸುರುಳಿದ ಒಂದೆರಡನ್ನು ಹೆಬ್ಬೆರಳ ಮೇಲೆ ಮಗುಚಿದರೆ ಅಂಚು ಹರಿಯುತ್ತದೆ, ಹರಿಯದೆ ಉಳಿದದ್ದು ಸ್ವಲ್ಪ ಹೊತ್ತಿಗೆ ಮತ್ತೆ ಮೊದಲಿನಂತೆ ಮಡಿಚಿಕೊಳ್ಳುತ್ತದೆ. ಎಲ್ಲಿ ತಪ್ಪುತ್ತಿದೆ?

ಉತ್ತರ 1

ನಿಮ್ಮ ಎರಡು ಪ್ರಶ್ನೆಗೂ ಮೂಲ ಒಂದೇ, ಎಳೆತ. ಒರೆಕ್ಕಿಯೆತ್ತೆ ಅಂದರೆ ಪುಟ್ಟ ಕಿವಿಗಳು. ಅದು ಕಣ್ಣಿಗೆ ಕಂಡದ್ದನ್ನು ನೋಡಿ ಇಟ್ಟ ಹೆಸರು. ಸ್ತ್ರಾಶಿನಾತಿ ಅಂದರೆ ಎಳೆದದ್ದು; ಅದು ಕೈ ಮಾಡಿದ ಕೆಲಸ ನೋಡಿ ಇಟ್ಟ ಹೆಸರು. ಕಣಕದ ತುಂಡನ್ನು ಮಣೆಗೆ ಒತ್ತಿ ಎಳೆದು ಹಾಗೇ ಬಿಟ್ಟರೆ ಸ್ತ್ರಾಶಿನಾತಿ. ಎಳೆದದ್ದನ್ನು ಹೆಬ್ಬೆರಳ ತುದಿಯಲ್ಲಿ ಒಳಗು ಹೊರಗಾಗುವಂತೆ ಮಗುಚಿದರೆ ಒರೆಕ್ಕಿಯೆತ್ತೆ. ತುಸು ಉದ್ದನೆಯ ತುಂಡನ್ನು ಬೆರಳಿನಿಂದ ಒತ್ತಿ ಎಳೆದು, ಅದು ಒಳಕ್ಕೆ ಸುರುಳಿಕೊಂಡ ಮೇಲೆ ಮಗುಚದೆ ಬಿಟ್ಟರೆ ಕವಾತೆಲ್ಲಿ. ಮೂರಕ್ಕೂ ಕಣಕ ಒಂದೇ.

ಊರಿನ ವ್ಯತ್ಯಾಸವೂ ಇದೆ. ಬಾರಿ ನಗರದ ಸುತ್ತಮುತ್ತ ಸ್ತ್ರಾಶಿನಾತಿ ಅಂದರೆ ಒರೆಕ್ಕಿಯೆತ್ತೆಗಿಂತ ದೊಡ್ಡದಾದ, ಮಗುಚದ ಚಪ್ಪಟೆ ತುಂಡು. ಪಕ್ಕದ ಬಾಸಿಲಿಕಾತಾ ಪ್ರಾಂತ್ಯದಲ್ಲಿ ಮೂರು ನಾಲ್ಕು ಬೆರಳು ಜೋಡಿಸಿ ಎಳೆದ ಉದ್ದನೆಯದಕ್ಕೆ ಅದೇ ಹೆಸರು. ತಾರಾಂತೊ ಕಡೆ ಒರೆಕ್ಕಿಯೆತ್ತೆಗೇ ಕಿಯಾಂಕಾರೆಲ್ಲೆ ಎಂಬ ಮಾತು ಕೇಳುತ್ತದೆ. ಇನ್ನೂ ದಕ್ಷಿಣಕ್ಕೆ, ಸಾಲೆಂತೊದಲ್ಲಿ ಒರೆಕ್ಕಿಯೆತ್ತೆಯ ಜೊತೆ ಮಿಂಕಿಯಾರೆದ್ದಿ ಎಂಬ, ತೆಳ್ಳನೆಯ ಕಬ್ಬಿಣದ ಕಡ್ಡಿಗೆ ಸುತ್ತಿ ಮಾಡುವ ಕೊಳವೆ ಪಾಸ್ತಾ ಬೆರೆಸಿ ಬೇಯಿಸುತ್ತಾರೆ. ಆ ಬೆರಕೆಗೆ ಮಾರಿತಾತಿ ಎಂದು ಹೆಸರು, ಮದುವೆಯಾದವರು ಅಂತ. ಅಲ್ಲಿ ಬಾರ್ಲಿ ಹಿಟ್ಟು ಸೇರಿಸುವ ರೂಢಿಯೂ ಇದೆ.

ಇನ್ನು ಕೈಕೆಲಸ. ಮೊದಲು ಮಣೆಯ ಹಿಟ್ಟು ಒರೆಸಿಬಿಡಿ. ತುಂಡು ಜಾರುವುದಕ್ಕೆ ಮುಖ್ಯ ಕಾರಣ ಅದೇ. ತುಂಡಿನ ತಳ ಮಣೆಯನ್ನು ಹಿಡಿದುಕೊಂಡರೆ ಮಾತ್ರ ಮೇಲ್ಮೈ ಚಾಕುವಿನ ಜೊತೆ ಹಿಗ್ಗುತ್ತದೆ. ತಳವೂ ಜೊತೆಗೇ ಹೊರಟರೆ ಹಿಗ್ಗುವುದಕ್ಕೆ ಏನೂ ಉಳಿಯುವುದಿಲ್ಲ. ಅದಕ್ಕೇ ಅಮೃತಶಿಲೆ, ಸ್ಟೀಲು, ಪ್ಲಾಸ್ಟಿಕ್ ಹಲಗೆ ಈ ಕೆಲಸಕ್ಕೆ ಬರುವುದಿಲ್ಲ. ಮೆರುಗೆಣ್ಣೆ ಬಳಿಯದ ಮರದ ಮಣೆಯೇ ಬೇಕು. ಬಾರಿಯ ಹಳೇ ಊರಿನಲ್ಲಿ ಆರ್ಕೊ ಬಾಸ್ಸೊ ಎಂಬ ಓಣಿಯಿದೆ. ಅಲ್ಲಿನ ಹೆಂಗಸರು ಮನೆ ಬಾಗಿಲಲ್ಲೇ ಮೇಜು ಹಾಕಿಕೊಂಡು ಒರೆಕ್ಕಿಯೆತ್ತೆ ಮಾಡುವುದು ಮರದ ಹಲಗೆಗಳ ಮೇಲೆಯೇ.

ಕಣಕವನ್ನು ಕಿರುಬೆರಳಿಗಿಂತ ಸಣ್ಣಗೆ, ಸುಮಾರು 1 ಸೆಂಟಿಮೀಟರ್ ದಪ್ಪಕ್ಕೆ ಹೊಸೆಯಿರಿ. 1 ಸೆಂಟಿಮೀಟರಿಗೊಂದರಂತೆ ಕತ್ತರಿಸಿ. ಒಂದು ಸಲಕ್ಕೆ ಒಂದೇ ಎಳೆ ಹೊಸೆಯಿರಿ, ಮಿಕ್ಕ ಕಣಕ ಬಟ್ಟಲಿನಡಿ ಮುಚ್ಚಿರಲಿ. ಕತ್ತರಿಸಿಟ್ಟ ತುಂಡು ಗಾಳಿಗೆ ಐದು ನಿಮಿಷ ಕೂತರೂ ಮೇಲೆ ಪದರ ಕಟ್ಟಿ, ಮಗುಚುವಾಗ ಬಿರಿಯುತ್ತದೆ.

ಚಾಕು ಊಟದ ಮೇಜಿನದು ಸಾಕು, ತುದಿ ಗುಂಡಗಿರಬೇಕು, ಅಲಗಿಗೆ ಹಲ್ಲು ಇರಬಾರದು. ಅಲಗನ್ನು ನಿಮ್ಮ ಕಡೆಗೆ ವಾಲಿಸಿ, ಮಣೆಗೆ ಓರೆಯಾಗಿ ಹಿಡಿಯಿರಿ. ತುಂಡಿನ ಆಚೆ ಅಂಚಿಗೆ ಅಲಗು ತಾಗಿಸಿ, ಕೆಳಕ್ಕೆ ಒತ್ತುತ್ತಾ ನಿಮ್ಮ ಕಡೆಗೆ ಎಳೆಯಿರಿ. ಒತ್ತಡ ಶುರುವಿನಲ್ಲಿ ಹೆಚ್ಚು, ಈಚೆ ಅಂಚು ಬರುವಷ್ಟರಲ್ಲಿ ಕಡಿಮೆ. ಕೊನೆಯವರೆಗೂ ಅದೇ ಒತ್ತಡ ಇಟ್ಟರೆ ಈಚೆ ಅಂಚು ಕಾಗದದಂತಾಗುತ್ತದೆ, ಮಗುಚುವಾಗ ಹರಿಯುವುದು ಅದೇ. ಸರಿಯಾಗಿ ಎಳೆದ ತುಂಡು ಅಲಗಿಗೆ ಸುತ್ತಿಕೊಂಡು ಬರುತ್ತದೆ. ಅದನ್ನು ಬಿಡಿಸಿ ಒಳಭಾಗ ನೋಡಿ: ಅಲಗು ಉಜ್ಜಿದ ಕಡೆ ನಯವಾಗಿರುವುದಿಲ್ಲ, ಎಳೆತಕ್ಕೆ ಅಡ್ಡಲಾಗಿ ಸಣ್ಣ ಸಣ್ಣ ಸುಕ್ಕು ಬಿದ್ದಿರುತ್ತದೆ. ಆ ಒರಟು ಮೈಯನ್ನು ಹೊರಗೆ ತರುವುದಕ್ಕೇ ಮಗುಚುವುದು. ಸಾರು, ಎಣ್ಣೆ, ಸೊಪ್ಪಿನ ಚೂರು ಹಿಡಿದುಕೊಳ್ಳುವುದು ಅದರಲ್ಲಿಯೇ. ಸುಕ್ಕೇ ಇಲ್ಲದಿದ್ದರೆ ಎಳೆತ ಆಗಿಲ್ಲ, ಬರೀ ಒತ್ತಿದ್ದೀರಿ ಅಂತ.

ಮಗುಚುವಾಗ ಹೆಬ್ಬೆರಳನ್ನು ತುಂಡಿನ ಉಬ್ಬಿದ ಬೆನ್ನಿಗೆ ಇಟ್ಟು, ಎರಡೂ ಅಂಚನ್ನು ಇನ್ನೊಂದು ಕೈಯ ಬೆರಳುಗಳಿಂದ ಬೆರಳ ಮೇಲೆ ಹಿಂದಕ್ಕೆ ಸರಿಸಿ. ನಡುವೆ ಚುಚ್ಚಿ ತಳ್ಳಬೇಡಿ, ಅಲ್ಲಿ ಮೊದಲೇ ತೆಳು ಇರುತ್ತದೆ.

ಉತ್ತರ 2

ಮೇಲೆ ಹೇಳಿದ ಎಳೆತದ ವಿಷಯ ಪೂರ್ತಿ ಒಪ್ಪುತ್ತೇನೆ. ಆದರೆ ಈ ಕಣಕದಲ್ಲಿ ಎಂಥ ಕೈಯಿಂದಲೂ ಒರೆಕ್ಕಿಯೆತ್ತೆ ಬರುವುದಿಲ್ಲ.

ಮೈದಾ ಬಿಡಿ. ಮಗುಚಿದ್ದು ತಿರುಗಿ ಮಡಿಚಿಕೊಳ್ಳುತ್ತಿರುವುದರಲ್ಲಿ ಅದರ ಪಾಲು ದೊಡ್ಡದು. ಮೈದಾ ಮೆದು ಗೋಧಿಯದು, ಅದರ ಅಂಟಿಗೆ (ಗ್ಲುಟೆನ್) ಪುಟಿದು ಹಿಂದಕ್ಕೆ ಬರುವ ಗುಣ ಹೆಚ್ಚು. ಡ್ಯೂರಮ್ ಎಂಬ ಗಟ್ಟಿ ಗೋಧಿಯ ಅಂಟು ಬಿಗಿಯಾಗಿರುತ್ತದೆ, ಆದರೆ ಒಮ್ಮೆ ಎಳೆದು ಕೊಟ್ಟ ಆಕಾರವನ್ನು ಉಳಿಸಿಕೊಳ್ಳುತ್ತದೆ. ಮೊಟ್ಟೆಯಿಲ್ಲದ ದಕ್ಷಿಣದ ಪಾಸ್ತಾಗಳೆಲ್ಲ ಈ ಗುಣದ ಮೇಲೆಯೇ ನಿಂತಿವೆ. ಮೊಟ್ಟೆ, ಮೆದು ಗೋಧಿ ಹಾಕಿ ಲಟ್ಟಿಸುವ ಪಾಸ್ತಾ ಉತ್ತರದ ಎಮಿಲಿಯಾ ರೊಮಾನ್ಯಾ ಕಡೆಯ ಪದ್ಧತಿ.

ಬೇಕಾದದ್ದು ಸೆಮೊಲಾ ರಿಮಚಿನಾತಾ, ಅಂದರೆ ಡ್ಯೂರಮ್ ಗೋಧಿಯ ರವೆಯನ್ನು ಮತ್ತೊಮ್ಮೆ ಬೀಸಿದ ಹಿಟ್ಟು. ತೆಳು ಹಳದಿ ಬಣ್ಣ, ಬೆರಳಲ್ಲಿ ಉಜ್ಜಿದರೆ ನುಣ್ಣನೆ ಮರಳಿನ ಹಾಗೆ ಸಿಗುತ್ತದೆ. ಒಂದೇ ಸಲ ಬೀಸಿದ ದಪ್ಪ ರವೆ ನೀರು ಹೀರುವುದು ನಿಧಾನ; ಕಣಕ ಸಿದ್ಧವಾಯಿತು ಅನಿಸಿದ ಮೇಲೂ ಒಳಗೆ ಒಣ ಕಾಳು ಉಳಿದಿರುತ್ತದೆ, ಅಂಚು ಹರಿಯಲು ಅದೂ ಒಂದು ಕಾರಣ. ಇಟಲಿಯಲ್ಲಿ 1967ರ 580ನೇ ಕಾನೂನು ಒಣ ಪಾಸ್ತಾವನ್ನು ಡ್ಯೂರಮ್ ಗೋಧಿಯಲ್ಲೇ ಮಾಡಬೇಕೆಂದು ಕಟ್ಟುಮಾಡಿತು. ಈಗ ಜಾರಿಯಲ್ಲಿರುವ 2001ರ ನಿಯಮದಂತೆ ಒಣ ಪಾಸ್ತಾದಲ್ಲಿ ಮೆದು ಗೋಧಿ ಶೇಕಡಾ 3ರವರೆಗೆ ಮಾತ್ರ ಕಂಡುಬರಬಹುದು, ಅದೂ ಅಕಸ್ಮಾತ್ ಬೆರೆತದ್ದಕ್ಕೆ ಕೊಟ್ಟ ವಿನಾಯಿತಿ. ತಾಜಾ ಪಾಸ್ತಾಗೆ ಈ ನಿರ್ಬಂಧ ಇಲ್ಲ. ಹಾಗಾಗಿ ಮೈದಾ ಹಾಕುವುದಕ್ಕೆ ಕಾನೂನು ಅಡ್ಡಿಯಿಲ್ಲ, ಕಣಕ ಒಪ್ಪುವುದಿಲ್ಲ ಅಷ್ಟೇ.

ನಾಲ್ಕು ಜನಕ್ಕೆ ಅಳತೆ: ಸೆಮೊಲಾ 400 ಗ್ರಾಂ, ನೀರು 190ರಿಂದ 200 ಮಿಲಿ, ಚಿಟಿಕೆ ಉಪ್ಪು (ಹಾಕದಿದ್ದರೂ ಸರಿ). ಎಣ್ಣೆ ಬೇಡ. ನೀರು ಉಗುರುಬೆಚ್ಚಗಿರಲಿ, ಬೇಗ ಹೀರುತ್ತದೆ. ಒಂದೇ ಸಲ ಸುರಿಯದೆ 180 ಮಿಲಿ ಹಾಕಿ ಕಲಸಿ, ಮಿಕ್ಕದ್ದನ್ನು ಕೈ ಅದ್ದಿಕೊಂಡು ಸೇರಿಸಿ. ಶುರುವಿನಲ್ಲಿ ಪುಡಿಪುಡಿಯಾಗಿ ಕಾಣುತ್ತದೆ. ಅಲ್ಲಿ ಹೆದರಿ ನೀರು ಸುರಿದವರ ಕಣಕ ಆಮೇಲೆ ಚಾಕುವಿಗೆ ಮೆತ್ತಿಕೊಳ್ಳುತ್ತದೆ. ಅಂಗೈಯ ಬುಡದಿಂದ ಒತ್ತಿ 10 ನಿಮಿಷ ನಾದಿದರೆ ಮೈ ನುಣುಪಾಗುತ್ತದೆ. ನಂತರ ಬಟ್ಟಲು ಮುಚ್ಚಿ ಕನಿಷ್ಠ 30 ನಿಮಿಷ ಬಿಡಿ. ನಾದಿದ ಕೂಡಲೇ ಹೊಸೆದರೆ ಅಂಟು ಇನ್ನೂ ಬಿಗಿದುಕೊಂಡಿರುತ್ತದೆ, ಹೊಸೆದ ಎಳೆ ಕೈಬಿಟ್ಟೊಡನೆ ಕುಗ್ಗುತ್ತದೆ. ನಿಮ್ಮ ಕಣಕದಲ್ಲಿ ಮೈದಾ, ಕಡಿಮೆ ನೀರು, ವಿಶ್ರಾಂತಿ ಇಲ್ಲದಿರುವುದು ಮೂರೂ ಸೇರಿಕೊಂಡಿವೆ.

ಪರೀಕ್ಷೆ ಸುಲಭ. ಎಳೆಯನ್ನು ಬರಿಯ ಮರದ ಮೇಲೆ ಹೊಸೆಯಿರಿ. ಉರುಳದೆ ಜಾರಿದರೆ ಕಣಕ ಒಣಗಿದೆ, ಕೈ ಒದ್ದೆ ಮಾಡಿಕೊಂಡು ಇನ್ನೊಂದು ನಿಮಿಷ ನಾದಿ. ಮಣೆಯ ಮೇಲೆ ಕಣಕದ ಗುರುತು ಉಳಿದರೆ ನೀರು ಜಾಸ್ತಿಯಾಗಿದೆ, ಚೂರು ಸೆಮೊಲಾ ಸೇರಿಸಿ.

ಪ್ರಶ್ನೆ ಕೇಳಿದವರು

ತುಂಬ ಉಪಕಾರ. ಪೂರ್ತಿ ಸೆಮೊಲಾ, ಬೆಚ್ಚಗಿನ ನೀರು, ಬರಿ ಮಣೆ ಆದ ಮೇಲೆ ತುಂಡು ಅಲಗಿಗೆ ಸುತ್ತಿಕೊಳ್ಳುತ್ತಿದೆ, ಸುಕ್ಕೂ ಬೀಳುತ್ತಿದೆ. ಈಗ ಬೇಯಿಸುವಾಗ ಒಂದು ತೊಂದರೆ: ಕೆಲವು ಬೆಂದಿರುತ್ತವೆ, ಕೆಲವು ಜೋಡಿಯಾಗಿ ಅಂಟಿಕೊಂಡು ನಡುವೆ ಹಸಿ ಹಿಟ್ಟೇ ಉಳಿಯುತ್ತದೆ. ಒಣಗಿಸಿ ಇಡಬಹುದೇ? ಗ್ರಾನೊ ಆರ್ಸೊ ಎಂಬ ಕಪ್ಪು ಹಿಟ್ಟಿನಲ್ಲೂ ಮಾಡುತ್ತಾರಂತೆ, ಅದಕ್ಕೆ ಅಳತೆ ಬೇರೆಯೇ?

ಉತ್ತರ 3

ಜೋಡಿಯಾಗಿ ಅಂಟುವುದು ಈ ಆಕಾರದ ಹುಟ್ಟುಗುಣ. ಒಂದರ ಬೆನ್ನು ಇನ್ನೊಂದರ ಕುಳಿಯೊಳಗೆ ಕೂತುಬಿಡುತ್ತದೆ. ಮಾಡಿದ್ದನ್ನು ತಟ್ಟೆಯಲ್ಲಿ ರಾಶಿ ಹಾಕಬೇಡಿ. ಬಟ್ಟೆಯ ಮೇಲೆ ತೆಳ್ಳಗೆ ಸೆಮೊಲಾ ಚಿಮುಕಿಸಿ, ಒಂದಕ್ಕೊಂದು ತಾಗದಂತೆ, ಕುಳಿ ಮೇಲಾಗಿ ಹರಡಿ ಒಂದರಿಂದ ಎರಡು ಗಂಟೆ ಬಿಡಿ. (ಹಿಟ್ಟು ಬೇಡ ಅಂದದ್ದು ಎಳೆಯುವ ಮಣೆಗೆ, ಹರಡುವ ಬಟ್ಟೆಗೆ ಅಲ್ಲ.) ನೀರಿಗೆ ಹಾಕುವಾಗ ಬಟ್ಟೆ ಎತ್ತಿ ಒಮ್ಮೆಗೇ ಸುರಿಯದೆ ಹಿಡಿಹಿಡಿಯಾಗಿ ಉದುರಿಸಿ, ಮೊದಲ ಅರ್ಧ ನಿಮಿಷ ಸೌಟು ಆಡಿಸುತ್ತಲೇ ಇರಿ. 100 ಗ್ರಾಂಗೆ 1 ಲೀಟರ್ ನೀರು, ಲೀಟರಿಗೆ 10 ಗ್ರಾಂ ಉಪ್ಪು.

ತಾಜಾ ಒರೆಕ್ಕಿಯೆತ್ತೆಗೆ 3ರಿಂದ 5 ನಿಮಿಷ ಸಾಕು. ತೇಲಿದವು ಅಂದರೆ ಬೆಂದವು ಅಂತ ಅಲ್ಲ. ಒಂದನ್ನು ಕಚ್ಚಿ ನೋಡಿ: ನಡು ಮೆತ್ತಗಾಗಿರಬೇಕು, ದಪ್ಪ ಅಂಚು ಹಲ್ಲಿಗೆ ಸಿಗಬೇಕು. ಅಂಚು, ನಡು ಎರಡೂ ಒಂದೇ ಸಮ ಬೆಂದರೆ ಅದು ಒರೆಕ್ಕಿಯೆತ್ತೆಯ ರುಚಿಯೇ ಅಲ್ಲ.

ಮನೆಯಲ್ಲಿ ಪೂರ್ತಿ ಒಣಗಿಸುವುದನ್ನು ನಾನು ಹೇಳುವುದಿಲ್ಲ. ಅಂಚು ದಪ್ಪ ಇರುವುದರಿಂದ ಹೊರಗೆ ಗಟ್ಟಿಯಾದ ಮೇಲೂ ಒಳಗೆ ತೇವ ಉಳಿದು ಹುಳಿ ವಾಸನೆ, ಬೂಷ್ಟು ಬರುತ್ತದೆ. ಬೇಗ ಆಗಲಿ ಎಂದು ಫ್ಯಾನ್ ಹಾಕಿದರೆ ಮೇಲ್ಮೈ ಮೊದಲು ಕುಗ್ಗಿ ಸೀಳುತ್ತದೆ, ಕುದಿಯುವ ನೀರಿನಲ್ಲಿ ಅಲ್ಲೇ ಎರಡಾಗುತ್ತದೆ. ತಟ್ಟೆಯಲ್ಲಿ ಬಿಡಿಬಿಡಿಯಾಗಿ ಫ್ರೀಜರಿನಲ್ಲಿಟ್ಟು, ಕಲ್ಲಾದ ಮೇಲೆ ಚೀಲಕ್ಕೆ ತುಂಬಿಡಿ. ಕರಗಿಸದೆ ನೇರ ಕುದಿನೀರಿಗೆ ಹಾಕಿ, ಒಂದೆರಡು ನಿಮಿಷ ಹೆಚ್ಚು ಬೇಯಿಸಿದರಾಯಿತು.

ಜೊತೆಗೆ ಏನು ಅನ್ನುವುದಕ್ಕೆ ಬಾರಿಯ ಉತ್ತರ ಚೀಮೆ ದಿ ರಾಪಾ, ಟರ್ನಿಪ್ ಜಾತಿಯ ಗಿಡದ ಮೊಗ್ಗು ಸಮೇತ ಎಳೆ ಸೊಪ್ಪು. 400 ಗ್ರಾಂ ಪಾಸ್ತಾಗೆ ಸೋಸುವ ಮೊದಲು 1 ಕಿಲೋ ಸೊಪ್ಪು ಬೇಕು, ದಪ್ಪ ದಂಟು ತೆಗೆದರೆ ಅರ್ಧವೂ ಉಳಿಯುವುದಿಲ್ಲ. ಉಪ್ಪುನೀರಿನಲ್ಲಿ ಸೊಪ್ಪು 5 ನಿಮಿಷ ಬೆಂದ ಮೇಲೆ ಅದೇ ಪಾತ್ರೆಗೆ ಒರೆಕ್ಕಿಯೆತ್ತೆ ಹಾಕಿ ಒಟ್ಟಿಗೇ ಬಸಿಯಿರಿ. ಸೊಪ್ಪಿನ ನಸುಗಹಿ ಪಾಸ್ತಾಗೆ ಹತ್ತುವುದು ಆ ನೀರಿನಲ್ಲೇ. ಅಷ್ಟರಲ್ಲಿ ಅಗಲ ಬಾಣಲೆಯಲ್ಲಿ ಆಲಿವ್ ಎಣ್ಣೆ, ಬೆಳ್ಳುಳ್ಳಿ, ಒಣಮೆಣಸಿನಕಾಯಿ, ಉಪ್ಪಿನಲ್ಲಿಟ್ಟ ಆಂಚೊವಿ ಮೀನಿನ 5–6 ಸೀಳು. ಉರಿ ಸಣ್ಣದಿರಲಿ, ಮೀನು ಎಣ್ಣೆಯಲ್ಲಿ ಕರಗಬೇಕು, ಹುರಿದರೆ ಕಹಿಯಾಗುತ್ತದೆ. ಬಸಿದದ್ದನ್ನು ಇದರಲ್ಲಿ ಹೊರಳಿಸಿ, ಮೇಲೆ ಎಣ್ಣೆಯಲ್ಲಿ ಕೆಂಪಗೆ ಹುರಿದ ಬ್ರೆಡ್ ಪುಡಿ ಉದುರಿಸಿ. ಇದಕ್ಕೆ ಚೀಸ್ ಹಾಕಬೇಡಿ, ಮೀನಿನ ರುಚಿ ಮುಚ್ಚಿಹೋಗುತ್ತದೆ. ಚೀಸ್ ಬೇಕೆಂದರೆ ಟೊಮೇಟೊ ಸಾರು ಹಾಕಿ ಮೇಲೆ ಕಾಚೊರಿಕೊತ್ತಾ ತುರಿಯುವ ಬಗೆಯಿದೆ, ಅದೂ ಪುಲಿಯಾದ್ದೇ.

ಉತ್ತರ 1

ಗ್ರಾನೊ ಆರ್ಸೊ ಅಂದರೆ ಸುಟ್ಟ ಗೋಧಿ. ಕೊಯ್ಲಾದ ಮೇಲೆ ಕೂಳೆಗೆ ಬೆಂಕಿ ಹಾಕಿದ ಹೊಲದಲ್ಲಿ ಉಳಿದ ಕಾಳನ್ನು ಬಡವರು ಆಯ್ದು ಬೀಸಿಕೊಳ್ಳುತ್ತಿದ್ದರು ಎಂದು ಪುಲಿಯಾದಲ್ಲಿ ಹೇಳುತ್ತಾರೆ. ಈಗ ಸಿಗುವುದು ಬೇಕೆಂದೇ ಹುರಿದು ಬೀಸಿದ್ದು. ಶಾಖಕ್ಕೆ ಅಂಟು ಸತ್ತಿರುವುದರಿಂದ ಬರೀ ಅದರಲ್ಲೇ ಕಣಕ ಕಟ್ಟುವುದಿಲ್ಲ. 400 ಗ್ರಾಂನಲ್ಲಿ 80 ಗ್ರಾಂ ಅದು, 320 ಗ್ರಾಂ ಸೆಮೊಲಾ ಹಾಕಿ ಶುರುಮಾಡಿ. 120 ಗ್ರಾಂ ದಾಟಿದರೆ ಮಗುಚುವಾಗ ಅಂಚು ಬಿರಿಯತೊಡಗುತ್ತದೆ. ನೀರು 10 ಮಿಲಿ ಹೆಚ್ಚು ಕೇಳಬಹುದು.

ಕೊಳ್ಳುವವರಿಗೆ ಒಂದು ಮಾತು. ಕೈಯಲ್ಲಿ ಮಾಡಿದ್ದರಲ್ಲಿ ಎರಡು ಒಂದೇ ತರಹ ಇರುವುದಿಲ್ಲ, ಸುಕ್ಕು ಒಂದೊಂದರಲ್ಲಿ ಒಂದೊಂದು ರೀತಿ ಬಿದ್ದಿರುತ್ತದೆ. ಎಲ್ಲದರಲ್ಲೂ ಅದೇ ಅಗಲ, ಅದೇ ಗೆರೆ ಕಂಡರೆ ಅದು ಯಂತ್ರದ್ದು. ಬಾರಿಯಲ್ಲಿ ಇದನ್ನು ಹೋಟೆಲಿಗೆ ಮಾರುವುದು ಕಾನೂನಿನ ವಿಷಯವೂ ಹೌದು: ಯಾರು ಮಾಡಿದ್ದು, ಯಾವ ಹಿಟ್ಟು ಎಂಬ ದಾಖಲೆ ಬೇಕು. ಅದಿಲ್ಲದ ಒರೆಕ್ಕಿಯೆತ್ತೆ ಇಟ್ಟುಕೊಂಡಿದ್ದ ಅಲ್ಲಿನ ಒಂದು ಹೋಟೆಲಿಗೆ 2019ರಲ್ಲಿ ದಂಡ ಬಿತ್ತು, 3 ಕಿಲೋ ಪಾಸ್ತಾ ಎಸೆಯಬೇಕಾಯಿತು.